ಕೋಡಂಬಾಕ್ಕಂನಲ್ಲಿ ಕೂತು ಬರೆದ ಕನ್ನಡ: ಚಿ. ಉದಯಶಂಕರ್

ಇದು ಹೋದ ವಾರದ ಮಾತುಕತೆಯ ಬರಹ ರೂಪ. ವಿಡಿಯೋ ತುಂಬಾ ಉದ್ದ ಆಗಬಾರದು ಅಂತ ಕೆಲವು ವಿಷಯ ಕತ್ತರಿಸಿದ್ದೆ, ಅವನ್ನೂ ಇಲ್ಲಿ ಸೇರಿಸಿದ್ದೀನಿ. ನಿಧಾನವಾಗಿ ಓದೋ ಅಭ್ಯಾಸ ಇರುವವರಿಗೆ ಇದೇ ವಾಸಿ.

ನವೆಂಬರ್ ಬಂತು ಅಂದ್ರೆ ನಾವೆಲ್ಲ ಏನು ಮಾಡ್ತೀವಿ? ಓಎಂಆರ್ ರಸ್ತೆಯ ಯಾವುದೋ ಆಫೀಸಿನ ಕೆಫೆಟೇರಿಯಾದಲ್ಲಿ ಹಳದಿ ಕೆಂಪು ಶಾಲು ಹೊದ್ದು, ಎರಡು ಹಾಡು ಹಾಕಿ, ಒಂದು ಗ್ರೂಪ್ ಫೋಟೋ ತೆಗೆಸ್ಕೋತೀವಿ. ಪುಣೆ, ಹೈದರಾಬಾದ್, ಸನ್ನಿವೇಲ್ ಎಲ್ಲೇ ಇದ್ದರೂ ಆ ಎರಡು ಹಾಡು ಸಾಮಾನ್ಯವಾಗಿ ಅವೇ. ಒಂದು 1993ರ 'ಆಕಸ್ಮಿಕ' ಚಿತ್ರದ್ದು, ಹಂಸಲೇಖ ಬರೆದದ್ದು. ಇನ್ನೊಂದು 1973ರ 'ಗಂಧದ ಗುಡಿ'ಯದು, ನಮ್ಮ ನುಡಿ, ನಮ್ಮ ನಾಡು, ನಮ್ಮ ಕಾಡನ್ನ ಹೊಗಳುವ ಹಾಡು. ಬರೆದವರು ಚಿ. ಉದಯಶಂಕರ್. ಕರ್ನಾಟಕದ ಗಾಳಿ, ನೀರು, ಮರ ಎಲ್ಲದರ ಮೇಲೂ ಪ್ರೀತಿ ಉಕ್ಕಿಸುವ ಆ ಹಾಡನ್ನ ಬರೆದ ವ್ಯಕ್ತಿಯ ವೃತ್ತಿಜೀವನ ಬೆಳೆದದ್ದು ಮಾತ್ರ ಇಲ್ಲಿ, ನಾನು ಈಗ ಬಾಡಿಗೆ ಮನೆಯಲ್ಲಿ ಕೂತು ಟೈಪ್ ಮಾಡ್ತಿರೋ ಇದೇ ಊರಲ್ಲಿ. ಅಂದಿನ ಮದ್ರಾಸು, ಇಂದಿನ ಚೆನ್ನೈ.

ಉದಯಶಂಕರ್ ಅಂದ ತಕ್ಷಣ ಎಲ್ಲರಿಗೂ ಹಾಡು ನೆನಪಾಗುತ್ತೆ. ನನಗೆ ಇವತ್ತು ಮಾತಾಡಬೇಕಿರೋದು ಅವರ ಇನ್ನೊಂದು ಕೆಲಸದ ಬಗ್ಗೆ: ಸಂಭಾಷಣೆ. ರಾಜ್‌ಕುಮಾರ್ ಹೇಗೆ ಮಾತಾಡ್ತಿದ್ರು ಅಂತ ನಮ್ಮ ಕಿವಿಯಲ್ಲಿ ಕೂತಿದೆಯಲ್ಲ, ಆ ಮಾತನ್ನ ಬಹುಪಾಲು ಕಾಗದದ ಮೇಲೆ ಬರೆದವರು ಈ ಮನುಷ್ಯ.

ಮೊದಲು ಊರಿನ ವಿಷಯ. ಕನ್ನಡ ಸಿನಿಮಾ ಹುಟ್ಟಿದ್ದೇ ಹೊರನಾಡಿನಲ್ಲಿ. ಮೊದಲ ವಾಕ್ಚಿತ್ರ 'ಸತಿ ಸುಲೋಚನ' 1934ರಲ್ಲಿ ಬಿಡುಗಡೆ ಆಯ್ತು. ಅದರ ಚಿತ್ರೀಕರಣ ನಡೆದದ್ದು ಕೊಲ್ಹಾಪುರದ ಛತ್ರಪತಿ ಸ್ಟುಡಿಯೋದಲ್ಲಿ. ಮಾತು, ಹಾಡು ಬರೆದವರು ರಂಗಭೂಮಿಯ ಬೆಳ್ಳಾವೆ ನರಹರಿ ಶಾಸ್ತ್ರಿಗಳು. ಕನ್ನಡದ ಮೊದಲ ಸಂಭಾಷಣೆಕಾರ ಅಂತ ಅವರನ್ನೇ ಕರೀಬೇಕು. ಉದಯಶಂಕರ್ ಹುಟ್ಟಿದ್ದೂ ಅದೇ 1934ರಲ್ಲಿ. ಕನ್ನಡ ಟಾಕಿಗೂ ಇವರಿಗೂ ಒಂದೇ ವಯಸ್ಸು.

ಆಮೇಲೆ ಕೊಲ್ಹಾಪುರದ ಜಾಗವನ್ನ ಮದ್ರಾಸು ತಗೊಂಡಿತು. ಕಾರಣ ಭಾಷಾಪ್ರೇಮದ ಕೊರತೆ ಅಲ್ಲ, ಶುದ್ಧ ಇನ್‌ಫ್ರಾಸ್ಟ್ರಕ್ಚರ್. ಸ್ಟುಡಿಯೋ ಫ್ಲೋರು, ಲ್ಯಾಬು, ರೆಕಾರ್ಡಿಂಗ್ ಥಿಯೇಟರು, ವಾದ್ಯಗಾರರು, ಬಡ್ಡಿಗೆ ದುಡ್ಡು ಕೊಡುವ ಫೈನಾನ್ಸಿಯರು, ಎಲ್ಲ ಒಂದೇ ಊರಲ್ಲಿ ಸಿಗ್ತಿತ್ತು. ತಮಿಳು, ತೆಲುಗು, ಮಲಯಾಳಂ, ಕನ್ನಡ ನಾಲ್ಕೂ ಅದನ್ನೇ ಹಂಚಿಕೊಂಡು ಬದುಕ್ತಿದ್ದವು. ನಮ್ಮ ಭಾಷೆಯಲ್ಲಿ ಹೇಳಬೇಕಂದ್ರೆ ಒಂದೇ ಡೇಟಾ ಸೆಂಟರು, ನಾಲ್ಕು ಕ್ಲೈಂಟು. ಅದರಲ್ಲಿ ಬಜೆಟ್ ಕಡಿಮೆ ಇದ್ದ ಕ್ಲೈಂಟು ಕನ್ನಡ. 1956ಕ್ಕೆ ಮುಂಚೆ ಕನ್ನಡ ಮಾತಾಡೋ ಜನ ಮೈಸೂರು, ಮುಂಬಯಿ, ಹೈದರಾಬಾದ್, ಮದ್ರಾಸ್, ಕೊಡಗು ಅಂತ ಹಂಚಿಹೋಗಿದ್ದರು, ಹಾಗಾಗಿ ಮಾರುಕಟ್ಟೆಯೂ ಚೂರುಚೂರು.

1954ರ 'ಬೇಡರ ಕಣ್ಣಪ್ಪ' ಗುಬ್ಬಿ ಕಂಪನಿಯವರ ಹೆಸರಲ್ಲಿ ಬಂದರೂ ಹಿಂದೆ ಎವಿಎಂ ಇತ್ತು. 'ಸ್ಕೂಲ್ ಮಾಸ್ಟರ್', 'ಕಿತ್ತೂರು ಚೆನ್ನಮ್ಮ' ತೆಗೆದ ಬಿ.ಆರ್. ಪಂತುಲು ಕೋಲಾರದ ಕಡೆಯವರು, ಕಂಪನಿ ಮದ್ರಾಸಿನದು. ಇಲ್ಲಿನ ತಮಿಳು ಗೆಳೆಯರಿಗೆ ಒಂದು ಮಾತು ಹೇಳಿ ನೋಡಿ: ಅವರು ಎದೆ ತಟ್ಟಿ ಹೇಳೋ 'ವೀರಪಾಂಡಿಯ ಕಟ್ಟಬೊಮ್ಮನ್', 'ಕರ್ಣನ್', 'ಆಯಿರತ್ತಿಲ್ ಒರುವನ್' ಮೂರನ್ನೂ ನಿರ್ದೇಶಿಸಿದ್ದು ಇದೇ ಪಂತುಲು. ಅರ್ಧ ಜನ ನಂಬಲ್ಲ, ಫೋನ್ ತೆಗೆದು ಹುಡುಕ್ತಾರೆ.

ರಾಜ್‌ಕುಮಾರ್ ಸಂಸಾರ ಕೂಡ ಬಹಳ ವರ್ಷ ಇಲ್ಲೇ ಇತ್ತು. ಶಿವಣ್ಣ ಹುಟ್ಟಿದ್ದು ಮದ್ರಾಸಿನಲ್ಲಿ, 1975ರಲ್ಲಿ ಅಪ್ಪು ಹುಟ್ಟಿದ್ದೂ ಮದ್ರಾಸಿನಲ್ಲಿ. ಶನಿವಾರ ಸಂಜೆ ವಡಪಳನಿಯ ವಿಜಯಾ ಮಾಲ್‌ಗೆ ಸಿನಿಮಾ ನೋಡೋಕೆ ಹೋಗ್ತೀವಲ್ಲ, ಅದು ನಿಂತಿರೋದೇ ವಿಜಯಾ ವಾಹಿನಿ ಸ್ಟುಡಿಯೋ ಇದ್ದ ಜಾಗದಲ್ಲಿ. ಪಾರ್ಕಿಂಗ್ ಚೀಟಿ ಹಿಡ್ಕೊಂಡು ಲಿಫ್ಟಿಗೆ ಕಾಯುವಾಗ ನನಗೆ ಇದು ಪ್ರತಿ ಸಲ ನೆನಪಾಗುತ್ತೆ.

ಈ ಊರಲ್ಲಿ ಕನ್ನಡ ಬರೆದು ಬದುಕಿದವರ ಒಂದು ಸಣ್ಣ ಗುಂಪು ಇತ್ತು. ಹುಣಸೂರು ಕೃಷ್ಣಮೂರ್ತಿ, ಜಿ.ವಿ. ಅಯ್ಯರ್, ಕು.ರಾ. ಸೀತಾರಾಮ ಶಾಸ್ತ್ರಿ, ಆರ್.ಎನ್. ಜಯಗೋಪಾಲ್, ವಿಜಯನಾರಸಿಂಹ. ಹೆಚ್ಚಿನವರು ನಾಟಕದ ನೆರಳಲ್ಲಿ ಬೆಳೆದವರು. ಅಯ್ಯರ್ ಅವರಂತೂ ಬರೆದರು, ನಟಿಸಿದರು, ದುಡ್ಡು ಹಾಕಿದರು. ಕೈಯಲ್ಲಿ ಚಿತ್ರ ಇಲ್ಲದ ಕಾಲದಲ್ಲಿ ರಾಜ್‌ಕುಮಾರ್, ಬಾಲಕೃಷ್ಣ, ನರಸಿಂಹರಾಜು ಜೊತೆ ಊರೂರು ನಾಟಕ ಆಡಿ, ಕಲಾವಿದರ ಸಂಘ ಕಟ್ಟಿ, 1960ರಲ್ಲಿ 'ರಣಧೀರ ಕಂಠೀರವ' ತೆಗೆದರು. ಅದೇ ಗುಂಪಿನ ಹಿರಿಯರಲ್ಲಿ ಚಿ. ಸದಾಶಿವಯ್ಯ ಒಬ್ಬರು, ಚಿತ್ರಸಾಹಿತಿ. ಅವರ ಮಗನೇ ಉದಯಶಂಕರ್. ಹೆಸರಿನ ಮುಂದಿನ 'ಚಿ' ಅಂದ್ರೆ ಚಿಟ್ನಹಳ್ಳಿ. ತಮ್ಮ ದತ್ತರಾಜ್ ನಿರ್ದೇಶಕರಾದರು, ಮಗ ಗುರುದತ್ ನಟರಾದರು. ಒಂದು ಹಳ್ಳಿಯ ಮೊದಲಕ್ಷರ ಮೂರು ತಲೆಮಾರು ಟೈಟಲ್ ಕಾರ್ಡಿನಲ್ಲಿ ಬಂತು.

ಉದಯಶಂಕರ್ ಹೆಸರು ತೆರೆಗೆ ಬಂದದ್ದು 1963ರ 'ಸಂತ ತುಕಾರಾಂ' ಚಿತ್ರದಿಂದ. ಅಲ್ಲಿಂದ 1993ರಲ್ಲಿ ತೀರಿಕೊಳ್ಳುವ ತನಕ, ಹೆಚ್ಚುಕಡಿಮೆ 30 ವರ್ಷ. ಮಧ್ಯೆ ಸಣ್ಣಪುಟ್ಟ ಪಾತ್ರಗಳಲ್ಲಿ ತೆರೆ ಮೇಲೂ ಕಾಣಿಸಿಕೊಂಡರು.

ಈಗ ಅವರ ಕೆಲಸ ಏನಿತ್ತು ಅನ್ನೋದನ್ನ ಸ್ವಲ್ಪ ಬಿಡಿಸಿ ನೋಡೋಣ, ಯಾಕಂದ್ರೆ ಇಲ್ಲೇ ಸ್ವಾರಸ್ಯ ಇರೋದು. ಕಥೆ ಸಾಮಾನ್ಯವಾಗಿ ಬೇರೆಯವರದ್ದು. 'ಎರಡು ಕನಸು' ವಾಣಿಯವರ ಕಾದಂಬರಿ, 'ಮಯೂರ' ದೇವುಡು ಅವರದ್ದು, 'ಅನುರಾಗ ಅರಳಿತು' ಎಚ್.ಜಿ. ರಾಧಾದೇವಿಯವರದ್ದು, 'ಪ್ರೇಮದ ಕಾಣಿಕೆ' ಸಲೀಂ-ಜಾವೇದ್ ಜೋಡಿಯದ್ದು. ಯಾವ ಕಥೆ ರಾಜ್‌ಗೆ ಹೊಂದುತ್ತೆ ಅಂತ ನೋಡೋರು ತಮ್ಮ ವರದಪ್ಪ. ನಿರ್ದೇಶಕರು ದೊರೈ-ಭಗವಾನ್ ಇರಬಹುದು, ವಿಜಯ್ ಇರಬಹುದು. ಇವರೆಲ್ಲರ ಮಧ್ಯೆ ಕೂತು, ಮುನ್ನೂರು ಪುಟದ ಕಾದಂಬರಿಯಲ್ಲಿ ಪಾತ್ರ ಮನಸ್ಸಿನೊಳಗೆ ಯೋಚಿಸಿದ್ದನ್ನ ಬಾಯಲ್ಲಿ ಆಡೋ ಮಾತಾಗಿ ಬದಲಾಯಿಸಬೇಕಾದವರು ಸಂಭಾಷಣೆಕಾರರು. ಕಾದಂಬರಿಯ ವಾಕ್ಯ ಓದೋಕೆ ಚೆನ್ನಾಗಿರುತ್ತೆ, ಹೇಳಿದ್ರೆ ನಾಲಿಗೆ ತೊಡರುತ್ತೆ. ನೀವೇ ಯಾವುದಾದರೂ ಕಾದಂಬರಿ ತೆಗೆದು ಒಂದು ಪುಟ ಜೋರಾಗಿ ಓದಿ, ಗೊತ್ತಾಗುತ್ತೆ.

ಅದು ಮುಗಿದ ಮೇಲೆ ಹಾಡು. ಟ್ಯೂನ್ ಮೊದಲೇ ಸಿದ್ಧವಾಗಿದ್ದರೆ ಜಿ.ಕೆ. ವೆಂಕಟೇಶ್, ರಾಜನ್-ನಾಗೇಂದ್ರ, ಉಪೇಂದ್ರಕುಮಾರ್ ಇಂಥವರು ಹಾರ್ಮೋನಿಯಂ ಮುಂದೆ ಕೂತು ತತ್ತಕಾರದಲ್ಲಿ ಹಾಡಿ ತೋರಿಸಬೇಕು, ಆ ಅಳತೆಗೆ ಮಾತು ಕೂಡಿಸಬೇಕು. ಉಪೇಂದ್ರಕುಮಾರ್ ಒಡಿಶಾದವರು. ಎಸ್. ಜಾನಕಿ, ಪಿ.ಬಿ. ಶ್ರೀನಿವಾಸ್ ಇಬ್ಬರ ಮನೆಮಾತೂ ತೆಲುಗು. ಜಿ.ಕೆ. ವೆಂಕಟೇಶ್ ಬಳಿ ಸಹಾಯಕರಾಗಿದ್ದ ಹುಡುಗನೊಬ್ಬ ಮುಂದೆ ಇಳಯರಾಜಾ ಆದರು. ಹಾಡಿನ ಸಾಲನ್ನ ಬರೆದವರು ಓದಿ ಹೇಳೋದು, ಗಾಯಕರು ತಮಗೆ ಬರುವ ಲಿಪಿಯಲ್ಲಿ ಬರ್ಕೊಳ್ಳೋದು, ಅರ್ಥ ಕೇಳಿ ತಿಳ್ಕೊಳ್ಳೋದು, ಇದು ಆ ಊರಿನ ದಿನನಿತ್ಯದ ಪದ್ಧತಿ. ಅಂದ್ರೆ ಅಂಥಾ ರೆಕಾರ್ಡಿಂಗ್ ಕೋಣೆಯಲ್ಲಿ 'ಳ' ಎಲ್ಲಿ 'ಲ' ಎಲ್ಲಿ ಅಂತ ಕಾವಲು ಕಾಯೋದು ಬರೆದವರ ಕೆಲಸವೂ ಆಗಿತ್ತು.

ಹಿಂದಿಯಲ್ಲಿ ಈ ಕೆಲಸ ಭಾಗ ಆಗಿತ್ತು. ಆ ಕಾಲದ ಸಲೀಂ-ಜಾವೇದ್ ಕಥೆ, ಸಂಭಾಷಣೆ ಬರೀತಿದ್ರು, ಹಾಡು ಆನಂದ್ ಬಕ್ಷಿ ಥರದವರು. ಕನ್ನಡದಲ್ಲಿ ಅಷ್ಟು ಜನಕ್ಕೆ ಸಂಬಳ ಕೊಡೋ ದುಡ್ಡಿರಲಿಲ್ಲ. ಹಾಗಾಗಿ ಎಷ್ಟೋ ಸಲ ಮಾತು, ಹಾಡು ಎರಡೂ ಒಬ್ಬರದ್ದೇ ಪೆನ್ನು. ಕೊರತೆಯಿಂದ ಹುಟ್ಟಿದ ಈ ಏರ್ಪಾಟಿಗೆ ಒಂದು ವಿಚಿತ್ರ ಲಾಭ ಆಯ್ತು ಅನ್ನೋದು ನನ್ನ ವಾದ. ಪಾತ್ರ ಮಾತಾಡ್ತಾ ಮಾತಾಡ್ತಾ ಹಾಡೋಕೆ ಶುರು ಮಾಡಿದಾಗ ಕನ್ನಡ ಬದಲಾಗಲ್ಲ. ಮಾತಿನಲ್ಲಿದ್ದ ಅದೇ ಸರಳ ಪದ, ಅದೇ ಕರೆಯೋ ರೀತಿ ಹಾಡಲ್ಲೂ ಮುಂದುವರಿಯುತ್ತೆ.

1974ರಲ್ಲಿ ಇದಕ್ಕೆ ಇನ್ನೊಂದು ತಿರುವು ಸಿಕ್ತು. 'ಸಂಪತ್ತಿಗೆ ಸವಾಲ್' ಚಿತ್ರದಲ್ಲಿ ಎಮ್ಮೆ ಮೇಲೆ ಕೂತು ಹಾಡೋ ಹಾಡನ್ನ ಉದಯಶಂಕರ್ ಬರೆದರು, ಸ್ವತಃ ರಾಜ್‌ಕುಮಾರ್ ಹಾಡಿದರು. ಆ ಹಾಡು ಎಂಥಾ ಹಿಟ್ ಅಂತ ಹೇಳಬೇಕಾಗಿಲ್ಲ. ಆಮೇಲೆ ರಾಜ್ ತಮ್ಮ ಹಾಡನ್ನ ತಾವೇ ಹಾಡೋದು ರೂಢಿ ಆಯ್ತು. ಮಾತಾಡುವ ದನಿ, ಹಾಡುವ ದನಿ ಒಂದೇ, ಬರೆಯುವ ಕೈಯೂ ಬಹಳ ಸಲ ಒಂದೇ. ಭಾರತದ ಬೇರೆ ಯಾವ ದೊಡ್ಡ ನಟನಿಗೂ ಇಷ್ಟು ಕಾಲ, ಇಷ್ಟು ಚಿತ್ರಗಳಲ್ಲಿ ಇಂಥಾ ಹೊಂದಾಣಿಕೆ ಸಿಕ್ಕಿದ್ದು ನನಗೆ ಕಾಣಲ್ಲ.

ಉದಾಹರಣೆಗೆ ಒಂದೇ ಚಿತ್ರ ತಗೊಳ್ಳೋಣ, 1971ರ 'ಕಸ್ತೂರಿ ನಿವಾಸ'. ಕಥೆ ಜಿ. ಬಾಲಸುಬ್ರಮಣ್ಯಂ ಅವರದ್ದು, ತಮಿಳಿನವರು. ಬೆಂಕಿಪೊಟ್ಟಣದ ಕಾರ್ಖಾನೆಯ ಯಜಮಾನ, ಕೊಟ್ಟು ಕೊಟ್ಟೇ ಬರಿಗೈ ಆಗ್ತಾನೆ. ಅವನಿಂದಲೇ ಮೇಲೆ ಬಂದ ನೌಕರ ಕೊನೆಗೆ ಮನೆಯನ್ನೂ ಕೊಂಡ್ಕೊಳ್ತಾನೆ. ಕೊನೆಯಲ್ಲಿ ಮನೆಗೆ ಬಂದ ನೀಲಾಗೆ ಊಟ ಹಾಕೋಕೆ ದುಡ್ಡಿಲ್ಲದೆ ತನ್ನ ಪ್ರೀತಿಯ ಪಾರಿವಾಳವನ್ನೇ ಮಾರಿ ಅಡುಗೆ ಮಾಡಿಸ್ತಾನೆ. ಅವಳು ಬಂದಿರೋದೇ ಮಗುವಿಗಾಗಿ ಆ ಪಾರಿವಾಳ ಕೇಳೋಕೆ. ಜೀವನದಲ್ಲಿ ಮೊದಲ ಸಲ 'ಇಲ್ಲ' ಅನ್ನಬೇಕಾದ ಸ್ಥಿತಿ, ಅವನ ಎದೆ ಒಡೆದುಹೋಗುತ್ತೆ.

ಇಂಥಾ ಸನ್ನಿವೇಶ ಕೈಗೆ ಸಿಕ್ಕಿದ್ರೆ ಕಂಪನಿ ನಾಟಕದ ಬರಹಗಾರ ಒಂದು ಪುಟ ಭಾಷಣ ಬರೀತಿದ್ದ. ನಾನು ಈ ವಿಡಿಯೋಗಾಗಿ ಆ ದೃಶ್ಯ ಹಾಕ್ಕೊಂಡು, ಪಾಸ್ ಮಾಡ್ತಾ ಮಾಡ್ತಾ ಮಾತುಗಳನ್ನ ನೋಟ್‌ಬುಕ್ಕಲ್ಲಿ ಬರ್ಕೊಂಡೆ. ಕೇಳುವಾಗ ಕಣ್ಣಲ್ಲಿ ನೀರು ತರಿಸಿದ ಮಾತು ಕಾಗದದ ಮೇಲೆ ಎಷ್ಟು ಸಾಧಾರಣವಾಗಿ ಕಾಣುತ್ತೆ ಅಂದ್ರೆ ಆಶ್ಚರ್ಯ ಆಗುತ್ತೆ. ಅಲಂಕಾರ ಇಲ್ಲ, ಗಾದೆ ಇಲ್ಲ. ಮನೆಗೆ ಬಂದವರ ಹತ್ತಿರ ಆಡೋ ಮಾತು. ಭಾರ ಹೊರೋದು ಮಾತಿನ ನಡುವಿನ ಮೌನ. ಅದು ನಟನ ಪ್ರತಿಭೆ ಅಂತ ನೀವು ಹೇಳಬಹುದು, ಸರಿ. ಆದರೆ ನಟನಿಗೆ ಜಾಗ ಬಿಟ್ಟು ಬರೆಯೋದೂ ಒಂದು ವಿದ್ಯೆ. ನಾಲ್ಕು ವರ್ಷದ ನಂತರ ಇದೇ ಕಥೆ ಶಿವಾಜಿ ಗಣೇಶನ್ ಅವರ 'ಅವನ್‌ದಾನ್ ಮನಿದನ್' ಆಯ್ತು. ಎರಡನ್ನೂ ಒಂದರ ಹಿಂದೆ ಒಂದು ನೋಡಿ. ತಮಿಳಿನದು ಕೆಟ್ಟದ್ದೇನಲ್ಲ, ಮಾತಿನ ದನಿ ಮಾತ್ರ ಎತ್ತರ.

ಹಾಗಂತ ಎಲ್ಲವೂ ಕಸ್ತೂರಿಯೇ ಅಲ್ಲ. ಕೈತುಂಬ ಚಿತ್ರ ಇದ್ದಾಗ ಬರೆದ ಎಷ್ಟೋ ಸಂಭಾಷಣೆ ಬರೀ ಕೆಲಸ ಮುಗಿಸೋಕೆ ಬರೆದ ಹಾಗಿದೆ. ತಾಯಿ ಸೆಂಟಿಮೆಂಟು, ಕ್ಷಮೆ ಕೇಳೋ ಹೆಂಡತಿ, ಬುದ್ಧಿ ಹೇಳೋ ನಾಯಕ, ಅಚ್ಚು ಹಾಕಿದಂತೆ ಬರ್ತಾವೆ. ಹೆಣ್ಣುಮಕ್ಕಳಿಗೆ ಪಾಠ ಕಲಿಸೋ ಆ ದೃಶ್ಯಗಳನ್ನ ಇವತ್ತು ಅಕ್ಕ ತಂಗಿಯರ ಪಕ್ಕ ಕೂತು ನೋಡೋದು ಕಷ್ಟ. 'ಅನುರಾಗ ಅರಳಿತು' ಇಡೀ ಚಿತ್ರವೇ ಸೊಕ್ಕಿನ ಒಡತಿಯನ್ನ ದಾರಿಗೆ ತರೋ ಕಥೆ. 1986ರಲ್ಲಿ ಬಂತು. ಅದೇ ಕಥೆ 1992ರಲ್ಲಿ ತೆಲುಗಿನ 'ಘರಾನಾ ಮೊಗುಡು', ತಮಿಳಿನ 'ಮನ್ನನ್', 1994ರಲ್ಲಿ ಹಿಂದಿಯ 'ಲಾಡ್ಲಾ' ಆಯ್ತು. ಚಿರಂಜೀವಿ, ರಜನಿ, ಅನಿಲ್ ಕಪೂರ್ ಮೂವರೂ ಆ ಪಾತ್ರ ಮಾಡಿದರು ಅಂದ ಮೇಲೆ ದೋಷ ಬರೀ ಕನ್ನಡದ್ದಲ್ಲ ಬಿಡಿ. ಇನ್ನು 1978ರ 'ಆಪರೇಷನ್ ಡೈಮಂಡ್ ರಾಕೆಟ್' ಚಿತ್ರದ ಆ ಇಂಗ್ಲಿಷ್ ಹಾಡು ಇದೆಯಲ್ಲ, ನಮ್ಮ ಪೀಳಿಗೆ ಮೀಮ್ ಮಾಡಿ ಮಾಡಿ ಸವೆಸಿದ್ದು, ಅದೂ ಇವರದ್ದೇ. ನಕ್ಕವರೆಲ್ಲರಿಗೂ ಅದು ಬಾಯಿಪಾಠ ಅನ್ನೋದೂ ನಿಜ.

ನನಗೆ ಇದಕ್ಕಿಂತ ಗಂಭೀರವಾಗಿ ಕಾಣೋ ದೂರು ಇನ್ನೊಂದಿದೆ. ನನ್ನ ರೂಮ್‌ಮೇಟ್ ಒಬ್ಬ ಬಾಗಲಕೋಟೆ ಕಡೆಯವನು, ಎಂಟೆಕ್ ದಿನಗಳಿಂದ ಜೊತೆಗಿದ್ದವನು. ಅವನು ಕೇಳ್ತಾನೆ, 'ಅಲ್ಲೋ ಮಾರಾಯಾ, ನಿಮ್ಮ ಅಣ್ಣಾವ್ರ ಚಿತ್ರದಾಗ ನಮ್ಮ ಮಾತು ಎಲ್ಲೈತಿ?' ಉತ್ತರ ಕೊಡೋದು ಸುಲಭ ಅಲ್ಲ. 'ಸಂಪತ್ತಿಗೆ ಸವಾಲ್' ಮೂಲದಲ್ಲಿ ಉತ್ತರ ಕರ್ನಾಟಕದ ನಾಟಕಕಾರ ಪಿ.ಬಿ. ಧುತ್ತರಗಿ ಅವರ ನಾಟಕ. ತೆರೆ ಮೇಲೆ ಬಂದಾಗ ಎಮ್ಮೆ ಮೇಲೆ ಕೂತ ಭದ್ರ ಮಾತಾಡಿದ್ದು ಹಳೇ ಮೈಸೂರಿನ ಕನ್ನಡ. ಧಾರವಾಡದ, ಮಂಗಳೂರಿನ, ಕಲಬುರಗಿಯ ಮಾತು ಆ ಕಾಲದ ಚಿತ್ರಗಳಲ್ಲಿ ಬಂದರೆ ಹೆಚ್ಚಾಗಿ ನಗಿಸೋಕೆ.

ಇನ್ನೊಂದು ಕಡೆಯಿಂದಲೂ ನೋಡಬೇಕು. 1956ರಲ್ಲಿ ನಾಡು ಒಂದಾಯ್ತು, ಬೀದರಿನವರಿಗೂ ಚಾಮರಾಜನಗರದವರಿಗೂ ಒಟ್ಟಿಗೆ ಅರ್ಥ ಆಗೋ ಆಡುಮಾತು ಒಂದಿರಲಿಲ್ಲ. ಪಠ್ಯಪುಸ್ತಕದ ಕನ್ನಡ ಇತ್ತು, ಓದು ಬರಹ ಬಲ್ಲವರಿಗೆ. ಓದು ಬಾರದವರಿಗೆ ಆ ಸಾಮಾನ್ಯ ಕನ್ನಡ ತಲುಪಿದ್ದು ಟೂರಿಂಗ್ ಟಾಕೀಸಿನ ಮೂಲಕ. ಗ್ರಾಂಥಿಕವೂ ಅಲ್ಲದ, ಬೀದಿಯ ಮಾತೂ ಅಲ್ಲದ, ಯಾರ ಜಾತಿಯ ವಾಸನೆಯೂ ಅಷ್ಟಾಗಿ ಹೊಡೆಯದ ಒಂದು ಮಧ್ಯದ ಕನ್ನಡ. ಅದನ್ನ ರೂಪಿಸಿದವರಿಗೆ ಕಿಟಕಿಯಾಚೆ ಕೇಳ್ತಿದ್ದದ್ದು ತಮಿಳು. ಸುತ್ತ ಒಂದು ನಿರ್ದಿಷ್ಟ ಊರಿನ ಕನ್ನಡ ಇಲ್ಲದ್ದರಿಂದಲೇ ಎಲ್ಲ ಊರಿಗೂ ಒಗ್ಗೋ ಕನ್ನಡ ಅವರಿಗೆ ಸಾಧ್ಯ ಆಯ್ತಾ? ಸಾಬೀತು ಮಾಡೋ ಥರದ ವಿಷಯ ಅಲ್ಲ ಇದು. ಬೇರೆ ಬೇರೆ ಜಿಲ್ಲೆಯ ನಾವು ಹತ್ತು ಜನ ಇಲ್ಲಿ ಊಟಕ್ಕೆ ಕೂತಾಗ ನಮ್ಮ ಮಾತು ಹೇಗೆ ತಾನಾಗಿ ಮಧ್ಯಕ್ಕೆ ಜಾರುತ್ತೆ ಅಂತ ಗಮನಿಸಿದರೆ ಮಾತ್ರ ನನಗೆ ಹೌದು ಅನಿಸುತ್ತೆ. ರೂಮ್‌ಮೇಟ್ ಒಪ್ಪಲ್ಲ. 'ಮಧ್ಯ ಅಂದ್ರ ನಿಮ್ಮ ಮಂಡ್ಯ' ಅಂತಾನೆ. ಈ ಜಗಳ ಇನ್ನೂ ಮುಗಿದಿಲ್ಲ.

ಇಲ್ಲಿ ಸ್ವಲ್ಪ ಜಪಾನಿಗೆ ಹೋಗಿ ಬರೋಣ. ಕುರೊಸಾವಾ ಹೆಸರು ಸಿನಿಮಾ ಹುಚ್ಚಿರುವ ಎಲ್ಲರಿಗೂ ಗೊತ್ತು. ಶಿನೊಬು ಹಾಶಿಮೊತೊ ಹೆಸರು ಎಷ್ಟು ಜನಕ್ಕೆ ಗೊತ್ತು? 'ರಾಶೊಮಾನ್', 'ಇಕಿರು', 'ಸೆವೆನ್ ಸಮುರಾಯ್' ಮೂರರ ಚಿತ್ರಕಥೆಯಲ್ಲೂ ಕೈ ಇದ್ದವರು. ಅಕುತಗಾವಾ ಕಥೆಯನ್ನ ಮೊದಲು ಚಿತ್ರಕಥೆಗೆ ಇಳಿಸಿದ್ದೇ ಅವರು, ಅದು ಬೆಳೆದು 'ರಾಶೊಮಾನ್' ಆಯ್ತು. ಕುರೊಸಾವಾ, ಹಾಶಿಮೊತೊ, ಹಿದೆಯೊ ಒಗುನಿ ಒಂದು ಹೋಟೆಲ್ ಛತ್ರದಲ್ಲಿ ವಾರಗಟ್ಟಲೆ ಕೂತು ಒಟ್ಟಿಗೆ ಬರೀತಿದ್ರು. ನಮ್ಮವರ ಸ್ಟೋರಿ ಡಿಸ್ಕಷನ್ ನೆನಪಾಗಲ್ವಾ? ಟಿವಿ ಬಂದಾಗ ಹಾಶಿಮೊತೊ ಅಲ್ಲಿಗೂ ಹೋದರು. 1958ರಲ್ಲಿ, ಯುದ್ಧಾಪರಾಧದ ಶಿಕ್ಷೆಗೆ ಸಿಕ್ಕಿಕೊಂಡ ಒಬ್ಬ ಬಡ ಕ್ಷೌರಿಕನ ಮೇಲೆ ಅವರು ಬರೆದ ಟಿವಿ ನಾಟಕ ಜಪಾನಿನಲ್ಲಿ ಇಂದಿಗೂ ನೆನಪಿದೆ. ಮುಂದಿನ ವರ್ಷ ಅದನ್ನೇ ಸಿನಿಮಾ ಮಾಡಿ ತಾವೇ ನಿರ್ದೇಶಿಸಿದರು. 2018ರಲ್ಲಿ, ನೂರು ವರ್ಷ ತುಂಬಿಸಿ ತೀರಿಕೊಂಡರು.

ಹೋಲಿಕೆ ಪ್ರತಿಭೆಯದ್ದಲ್ಲ, ಕಾಗದದ್ದು. ಜಪಾನಿನಲ್ಲಿ ಚಿತ್ರಕಥೆಯನ್ನ ಸಾಹಿತ್ಯದ ಒಂದು ಪ್ರಕಾರದ ಹಾಗೆ ನೋಡ್ತಾರೆ, ಪತ್ರಿಕೆಗಳಲ್ಲಿ ಪೂರ್ತಿ ಅಚ್ಚು ಹಾಕ್ತಾರೆ, ಜನ ಕೊಂಡು ಓದ್ತಾರೆ. ಹಾಶಿಮೊತೊ ತಮ್ಮ ಬರವಣಿಗೆಯ ಕಥೆಯನ್ನೇ ಪುಸ್ತಕ ಮಾಡಿದರು. ನಮ್ಮಲ್ಲಿ ಚಿತ್ರಕಥೆ ಪುಸ್ತಕವಾಗಿ ಸಿಗೋದೇ ಅಪರೂಪ, ಸಿಕ್ಕರೂ ಕಲಾತ್ಮಕ ಚಿತ್ರಗಳದ್ದು. ಕೋಟ್ಯಂತರ ಜನರ ಬಾಯಲ್ಲಿರೋ ಜನಪ್ರಿಯ ಚಿತ್ರದ ಸಂಭಾಷಣೆ ಓದಬೇಕಂದ್ರೆ ನನ್ನ ಹಾಗೆ ಯೂಟ್ಯೂಬ್ ಪಾಸ್ ಮಾಡ್ತಾ ಬರ್ಕೊಳ್ಳಬೇಕು. ಕನ್ನಡದ ಸ್ಪೀಚ್ ರೆಕಗ್ನಿಷನ್ ಹಳೇ ಪ್ರಿಂಟಿನ ಗೊರಗೊರ ಸದ್ದಿಗೆ ಏನೇನೋ ಕೇಳಿಸ್ಕೊಳ್ಳುತ್ತೆ, ಪ್ರಯತ್ನ ಮಾಡಿ ಬಿಟ್ಟೆ.

ಊರು ಬದಲಾದ ಕಥೆ ಬೇಗ ಹೇಳಿಬಿಡ್ತೀನಿ. 1960ರ ದಶಕದಿಂದ ಸರ್ಕಾರದ ಸಬ್ಸಿಡಿ ಬಂತು, ಕರ್ನಾಟಕದಲ್ಲೇ ತಯಾರಾದರೆ ಹೆಚ್ಚಿನ ಪ್ರೋತ್ಸಾಹ. ಮೈಸೂರಿನ ಪ್ರೀಮಿಯರ್, ಬೆಂಗಳೂರಿನ ಚಾಮುಂಡೇಶ್ವರಿ, ಕಂಠೀರವ ಸ್ಟುಡಿಯೋಗಳಿದ್ದವು. 80ರ ದಶಕದಲ್ಲಿ ಶಂಕರ್‌ನಾಗ್ ಸಂಕೇತ್ ಸ್ಟುಡಿಯೋ ಕಟ್ಟಿದ ಮೇಲೆ ರೆಕಾರ್ಡಿಂಗ್‌ಗೂ ಇಲ್ಲಿಗೆ ಓಡಿ ಬರೋದು ಕಡಿಮೆ ಆಯ್ತು. ನಿಧಾನಕ್ಕೆ ಎಲ್ಲರೂ ಬೆಂಗಳೂರು ಸೇರಿದರು. ಜಯಗೋಪಾಲ್ ಅವರಂಥ ಕೆಲವರು ಕೊನೆತನಕ ಇಲ್ಲೇ ಉಳಿದರು. ತಮಾಷೆ ಅಂದ್ರೆ, ಸಿನಿಮಾ ಹೋದ ಸ್ವಲ್ಪ ಕಾಲಕ್ಕೆ, 1994ರಲ್ಲಿ, ಚೆನ್ನೈನ ಸನ್ ಬಳಗವೇ ಉದಯ ಟಿವಿ ಶುರು ಮಾಡಿತು. ನಮ್ಮಮ್ಮಂದಿರು ಹಗಲೆಲ್ಲ ನೋಡಿದ ಕನ್ನಡ ಚಾನೆಲ್ಲಿನ ಯಜಮಾನಿಕೆ ಮತ್ತೆ ಇದೇ ಊರಿನದ್ದು.

ಉದಯಶಂಕರ್ ಅವರ ಕೊನೆಯ ದೊಡ್ಡ ಚಿತ್ರಗಳಲ್ಲಿ ಒಂದು 1992ರ 'ಜೀವನ ಚೈತ್ರ'. ಅದರಲ್ಲಿ ಅವರು ಬರೆದ ಶಾಸ್ತ್ರೀಯ ಧಾಟಿಯ ಹಾಡಿಗೆ ರಾಜ್‌ಕುಮಾರ್‌ಗೆ ಗಾಯಕರಾಗಿ ರಾಷ್ಟ್ರಪ್ರಶಸ್ತಿ ಬಂತು. ಮರುವರ್ಷ ಇವರು ಹೋದರು, ಅದೇ ವರ್ಷ 'ಆಕಸ್ಮಿಕ' ಬಂತು, ಹಂಸಲೇಖರ ಹಾಡಿನೊಂದಿಗೆ.

ಕೊನೆಯದಾಗಿ ಒಂದು ಕೆಲಸ. ದೀಪಾವಳಿಗೆ ಊರಿಗೆ ಹೋದಾಗ ಅಟ್ಟ, ಹಳೇ ಟ್ರಂಕು ಒಮ್ಮೆ ನೋಡಿ. ಟಾಕೀಸಿನ ಹೊರಗೆ ಮಾರ್ತಿದ್ದ ಹಾಡಿನ ಪುಸ್ತಕ ಸಿಗಬಹುದು, ಅರ್ಧ ಕಥೆ ಹೇಳಿ ಉಳಿದದ್ದನ್ನ ಬೆಳ್ಳಿತೆರೆಯ ಮೇಲೆ ನೋಡಿ ಅನ್ನೋ ಥರದ್ದು. ಸಂಭಾಷಣೆಯ ಕ್ಯಾಸೆಟ್ ಸಿಕ್ಕರೆ ಇನ್ನೂ ಒಳ್ಳೆಯದು. ಫೋನಲ್ಲಿ ಸ್ಕ್ಯಾನ್ ಮಾಡಿ ಇಟ್ಕೊಳ್ಳಿ, ತಂತ್ರಜ್ಞರ ಹೆಸರಿರೋ ಪುಟ ಬಿಡಬೇಡಿ. ಮುಂದಿನ ವಿಡಿಯೋ ಆರ್.ಎನ್. ಜಯಗೋಪಾಲ್ ಬಗ್ಗೆ. ಅವರ ತಂದೆ ಆರ್. ನಾಗೇಂದ್ರರಾಯರು 'ಸತಿ ಸುಲೋಚನ'ದಲ್ಲಿ ರಾವಣನಾಗಿದ್ದವರು, ಅಲ್ಲಿಂದಲೇ ಶುರು ಮಾಡ್ತೀನಿ.